ಚಾರ್ಲ್‌ಸ್ಟನ್‌ನಲ್ಲಿ ನಾಲ್ಕೂವರೆ ದಿನ: ಅಮ್ಮ ಗುರುತು ಹಿಡಿದ ಗದ್ದೆಗಳು

ಏಪ್ರಿಲ್‌ನಲ್ಲಿ ಮಗಳಿಗೆ ಸ್ಪ್ರಿಂಗ್ ಬ್ರೇಕ್ ಇತ್ತು, ಊರಿಂದ ಅಮ್ಮ ಬಂದು ಎರಡು ತಿಂಗಳಾಗಿತ್ತು, ಮನೆ ಕಾಲ್ನಡಿಗೆ ಟ್ರೇಲು ಇಂಡಿಯನ್ ಸ್ಟೋರು ಬಿಟ್ರೆ ಅವಳನ್ನ ಎಲ್ಲೂ ಕರ್ಕೊಂಡು ಹೋಗಿರ್ಲಿಲ್ಲ. ನಾವಿರೋದು ಅಮೆರಿಕದ ಷಾರ್ಲೆಟ್‌ನಲ್ಲಿ, ಅಲ್ಲಿಂದ ಸೌತ್ ಕೆರೊಲಿನಾದ ಚಾರ್ಲ್‌ಸ್ಟನ್ ಮೂರೂವರೆ ಗಂಟೆ ಡ್ರೈವ್. ಮಗಳಿಗೆ ಸ್ಕೂಲಲ್ಲಿ ಸಿವಿಲ್ ವಾರ್, ಅಂದ್ರೆ ಗುಲಾಮಗಿರಿ ವಿಷಯಕ್ಕೆ ಅಮೆರಿಕದ ಉತ್ತರ ದಕ್ಷಿಣ ರಾಜ್ಯಗಳ ಮಧ್ಯೆ ನಡೆದ ಯುದ್ಧದ ಪಾಠ ಆಗಿತ್ತು, 1861ರ ಏಪ್ರಿಲ್ 12ಕ್ಕೆ ಫೋರ್ಟ್ ಸಮ್ಟರ್ ಕೋಟೆ ಮೇಲೆ ಮೊದಲ ಗುಂಡು ಹಾರಿದ್ದು ಅಲ್ಲೇ ಅಂತ ಕಾರಲ್ಲಿ ಅಜ್ಜಿಗೆ ಹೇಳ್ತಾ ಬಂದ್ಲು. ಅಮ್ಮ ಎಲ್ಲಾ ಕೇಳಿಸ್ಕೊಂಡು ಒಂದೇ ಪ್ರಶ್ನೆ ಕೇಳಿದ್ಲು, "ಅದೆಲ್ಲ ಸರಿ ಪುಟ್ಟಿ, ಯುದ್ಧಕ್ಕೆ ಮುಂಚೆ ಆ ಊರವರು ಏನ್ ಮಾಡ್ಕೊಂಡಿದ್ರು, ಊಟಕ್ಕೆ ಏನಿತ್ತು?" ಮಗಳ ಹತ್ರ ಉತ್ತರ ಇರ್ಲಿಲ್ಲ, ನನ್ನ ಹತ್ರಾನೂ ಅರ್ಧಂಬರ್ಧ ಇತ್ತು. ಆಮೇಲಿನ ದಿನಗಳಲ್ಲಿ ನಾವು ಹುಡುಕಿದ್ದು ಅದನ್ನೇ.

ಮೊದಲನೇ ದಿನ

ಮಧ್ಯಾಹ್ನ ತಲುಪಿ ನೇರ ಚಾರ್ಲ್ಸ್ ಟೌನ್ ಲ್ಯಾಂಡಿಂಗ್‌ಗೆ ಹೋದ್ವಿ. ಊರು ಶುರುವಾಗಿದ್ದು ಈಗಿನ ಊರಲ್ಲಲ್ಲ, ಆಶ್ಲಿ ನದಿಯ ಪಶ್ಚಿಮ ದಡದಲ್ಲಿರೋ ಈ ಜಾಗದಲ್ಲಿ. ಇಂಗ್ಲೆಂಡಿನ ರಾಜ ಎರಡನೇ ಚಾರ್ಲ್ಸ್ 1663ರಲ್ಲಿ ತನಗೆ ಸಹಾಯ ಮಾಡಿದ ಎಂಟು ಜನ ದೊಡ್ಡವರಿಗೆ ಈ ಇಡೀ ಸೀಮೆಯನ್ನ ಬರ್ಕೊಟ್ಟ, ಅವರಲ್ಲಿ ಒಬ್ಬ ಆಂಥನಿ ಆಶ್ಲಿ ಕೂಪರ್, ಊರಿನ ಎರಡೂ ನದಿಗಳಿಗೆ ಅವನದೇ ಹೆಸರು, ಒಂದು ಆಶ್ಲಿ ಇನ್ನೊಂದು ಕೂಪರ್. 1670ರ ಏಪ್ರಿಲ್‌ನಲ್ಲಿ 'ಕೆರೊಲಿನಾ' ಅನ್ನೋ ಹಡಗು ಇಲ್ಲಿಗೆ ಬಂತು, ಬಂದವರು ನೂರೈವತ್ತು ಜನಕ್ಕಿಂತ ಹೆಚ್ಚೇನಿಲ್ಲ. ಈ ದಡಕ್ಕೆ ಬನ್ನಿ ಅಂತ ದಾರಿ ತೋರಿಸಿದವರು ಇಲ್ಲಿನ ಮೂಲನಿವಾಸಿಗಳಾದ ಕಿಯಾವಾ ಜನರ ಮುಖ್ಯಸ್ಥ. ಆ ಕಿಯಾವಾ ಜನರ ಹೆಸರು ಇವತ್ತು ಉಳಿದಿರೋದು ಗಾಲ್ಫ್ ಆಡೋ ಒಂದು ದ್ವೀಪದ ಮೇಲೆ, ಅದನ್ನ ಓದಿ ನನಗೆ ತುಂಬ ಬೇಜಾರಾಯ್ತು.

ಅಲ್ಲಿ ಮರದ ಗೂಟಗಳ ಕೋಟೆ ಗೋಡೆ ಮತ್ತೆ ಕಟ್ಟಿ ನಿಲ್ಸಿದಾರೆ, ಆ ಕಾಲದ ಥರದ ಒಂದು ಹಡಗು ನದಿಲಿ ನಿಂತಿದೆ. ಮೊದಲು ಬಂದವರು ಏನು ಬೆಳೆಯುತ್ತೆ ಅಂತ ಟ್ರೈ ಮಾಡಿದ ಬೆಳೆಗಳ ತೋಟ ಇದೆ, ಕಬ್ಬು, ನೀಲಿ ಗಿಡ, ಹತ್ತಿ, ಭತ್ತ. ಬಂದವರಲ್ಲಿ ತುಂಬ ಜನ ಬಾರ್ಬಡೋಸ್ ದ್ವೀಪದ ಕಬ್ಬಿನ ತೋಟಗಳ ಕಡೆಯವರು, ಅಲ್ಲಿಂದ ಬರುವಾಗ್ಲೇ ಗುಲಾಮರನ್ನ ಇಟ್ಕೊಳ್ಳೋ ಪದ್ಧತಿಯನ್ನ, ಅದರ ಕಾನೂನನ್ನ ಕಟ್ಕೊಂಡೇ ಬಂದ್ರು. ಬೇರೆ ಕಡೆ ನಿಧಾನಕ್ಕೆ ಬೆಳೆದ ಪಿಡುಗು ಇಲ್ಲಿ ಮೊದಲ ದಿನದಿಂದಲೇ ಇತ್ತು. ಊರು ಹುಟ್ಟೋಕೆ ಒಂದು ವರ್ಷ ಮುಂಚೆ, 1669ರಲ್ಲಿ ಬರೆದ ಸಂವಿಧಾನದಲ್ಲೇ ಒಡೆಯನಿಗೆ ತನ್ನ ಕರಿಯ ಗುಲಾಮನ ಮೇಲೆ ಪೂರ್ತಿ ಅಧಿಕಾರ ಅಂತ ಬರೆದಿತ್ತು, ಅದೇ ಕಾಗದದಲ್ಲಿ ಯಹೂದಿಗಳಿಗೂ ಬೇರೆ ಬೇರೆ ಪಂಥದವರಿಗೂ ಅವರವರ ಪೂಜೆ ಮಾಡ್ಕೊಳ್ಳೋ ಅವಕಾಶವೂ ಇತ್ತು. ಎರಡೂ ಒಂದೇ ಕೈಬರಹ.

ನದಿ ಕಡೆ ನಡೀತಾ ಅಮ್ಮ ನಿಂತ್ಬಿಟ್ಲು. ಇಳಿತದ ಹೊತ್ತು, ನೀರು ಹಿಂದೆ ಸರಿದು ಕಪ್ಪು ಕೆಸರು ಮೈಲಿಗಟ್ಟಲೆ ಬಿಸಿಲಿಗೆ ಹೊಳೀತಿತ್ತು, ಅದರದ್ದೊಂದು ವಾಸನೆ, ಕೊಳೆತ ಮೊಟ್ಟೆಗೂ ಉಪ್ಪಿಗೂ ಮಧ್ಯದ್ದು. ಇಲ್ಲಿನವರು ಅದಕ್ಕೆ ಪ್ಲಫ್ ಮಡ್ ಅಂತಾರೆ, ಟೂರಿಸ್ಟ್‌ಗಳು ಮೂಗು ಮುಚ್ಕೋತಾರೆ. ಅಮ್ಮ ಉಸಿರು ಎಳ್ಕೊಂಡು ನಂಗೆ, "ತಂಗಿ, ಇದು ನಮ್ಮ ಗಜನಿ ವಾಸ್ನೆ ಅಲ್ಲೇನೆ" ಅಂದ್ಲು. ಅಮ್ಮನ ತವರು ಕುಮಟಾ ಹತ್ರ, ಅಘನಾಶಿನಿ ಹೊಳೆಯ ಅಳಿವೆ ಪಕ್ಕ, ಸಮುದ್ರದ ಭರತದ ನೀರು ಗದ್ದೆ ಏರಿವರೆಗೂ ಬಂದು ಹೋಗೋ ಜಾಗ, ಆ ಗದ್ದೆಗಳಿಗೇ ಗಜನಿ ಅನ್ನೋದು. ಅಲ್ಲಿ ಮಳೆಗಾಲದಲ್ಲಿ ಕಗ್ಗ ಭತ್ತ ಬೆಳೀತಾರೆ, ಉಪ್ಪು ತಡ್ಕೊಳ್ಳೋ ತಳಿ, ಭತ್ತ ಮುಗಿದ ಮೇಲೆ ಅದೇ ಗದ್ದೆಲಿ ಸಿಗಡಿ, ಮೀನು. ಅಮ್ಮ ಹನ್ನೊಂದು ಸಾವಿರ ಕಿಲೋಮೀಟರ್‌ಗಿಂತ ದೂರ ಬಂದು ತವರಿನ ಕೆಸರು ವಾಸನೆ ಹಿಡಿದ್ಲು. ನಾನು ಆಗ ಅದನ್ನ ಅಷ್ಟು ದೊಡ್ಡದಾಗಿ ತಗೊಳ್ಳಲಿಲ್ಲ, ಮೂರನೇ ದಿನ ಅರ್ಥ ಆಯ್ತು.

ಎರಡನೇ ದಿನ

ಇವತ್ತು ಪೂರ್ತಿ ಹಳೇ ಊರಲ್ಲಿ ನಡಿಗೆ. 1680ರಲ್ಲಿ ಊರನ್ನ ಎರಡು ನದಿ ಮಧ್ಯದ ನಾಲಿಗೆ ಥರದ ಜಾಗಕ್ಕೆ ಎತ್ತಿಟ್ರು, ಅದಕ್ಕೆ ಆಯ್‌ಸ್ಟರ್ ಪಾಯಿಂಟ್ ಅಂತ ಹೆಸರಿತ್ತು, ಬಿಸಿಲಿಗೆ ಬೆಳ್ಳಗಾದ ಚಿಪ್ಪಿನ ರಾಶಿ ಇದ್ದಿದ್ದಕ್ಕೆ. ಈಗ ಅದೇ ವೈಟ್ ಪಾಯಿಂಟ್ ಗಾರ್ಡನ್. ಚಿಪ್ಪು ಸುಟ್ಟು ಸುಣ್ಣ ಮಾಡಿ ಅದರಲ್ಲಿ ಇಟ್ಟಿಗೆ ಗೋಡೆ ಕಟ್ಟಿದಾರೆ. ಒಂದು ಹಳೇ ಗೋಡೆಲಿ ಗಾರೆ ಒಳಗೆ ಚಿಪ್ಪಿನ ಚೂರು ಎದ್ದು ಕಾಣ್ತಿತ್ತು, ಅಮ್ಮ ಉಗುರಲ್ಲಿ ಮುಟ್ಟಿ ನೋಡಿದ್ಲು, ನಮ್ಮೂರಲ್ಲೂ ಬಳಚಿನ ಚಿಪ್ಪು ಸುಟ್ಟೇ ಸುಣ್ಣ.

ಊರು ಮೊದಲು ಗೋಡೆ ಒಳಗಿತ್ತು, ಸ್ಪೇನಿನವರ ಭಯ, ಫ್ರೆಂಚರ ಭಯ, ಕಡಲ್ಗಳ್ಳರ ಭಯ, ಮೂಲನಿವಾಸಿಗಳನ್ನ ಹಿಡಿದು ಗುಲಾಮರಾಗಿ ಮಾರ್ತಾ ಇದ್ರಲ್ಲ, ಅವರು ತಿರುಗಿ ಬಿದ್ದಾರು ಅನ್ನೋ ಭಯ. 1715ರಲ್ಲಿ ಯಮಸಿ ಜನ ನಿಜವಾಗ್ಲೂ ತಿರುಗಿ ಬಿದ್ರು, ಊರು ಉಳಿದಿದ್ದೇ ಹೆಚ್ಚು. 1713ರ ಮದ್ದಿನಮನೆ ಇನ್ನೂ ನಿಂತಿದೆ, ದಪ್ಪ ಗೋಡೆ, ಒಳಗೆ ತಣ್ಣಗೆ. 1718ರಲ್ಲಿ ಬ್ಲ್ಯಾಕ್‌ಬಿಯರ್ಡ್ ಅನ್ನೋ ಕಡಲ್ಗಳ್ಳ ಬಂದರು ಬಾಯಿಗೆ ಅಡ್ಡ ನಿಂತು ಹಡಗುಗಳನ್ನ ಹಿಡಿದು ಒತ್ತೆ ಇಟ್ಕೊಂಡು ಕೇಳಿದ್ದು ಚಿನ್ನ ಅಲ್ಲ, ಒಂದು ಪೆಟ್ಟಿಗೆ ಔಷಧಿ, ಕೊಟ್ಟು ಕಳ್ಸಿದ್ರು. ಮಗಳಿಗೆ ಈ ಕಥೆ ತುಂಬ ಇಷ್ಟ ಆಯ್ತು, ಸಂಜೆವರೆಗೂ ಅದನ್ನೇ ಹೇಳ್ತಿದ್ಲು.

ಮನೆಗಳ ಬಗ್ಗೆ ಒಂದು ಮಾತು ಹೇಳ್ಲೇಬೇಕು. ಇಲ್ಲಿಯ ಹಳೇ ಮನೆಗಳು ರಸ್ತೆಗೆ ಭುಜ ತೋರಿಸ್ಕೊಂಡು ನಿಂತಿರ್ತಾವೆ, ಒಂದು ರೂಮಿನಷ್ಟೇ ಅಗಲ, ಹಿಂದಕ್ಕೆ ಉದ್ದ, ಪಕ್ಕದಲ್ಲಿ ಪೂರ್ತಿ ಉದ್ದಕ್ಕೂ ಜಗಲಿ. ಬೀದಿ ಬಾಗಿಲು ತೆಗೆದ್ರೆ ಮನೆ ಒಳಗೆ ಹೋಗಲ್ಲ, ಜಗಲಿಗೆ ಹೋಗ್ತೀರ. ಸೆಕೆ ಊರಲ್ವಾ, ಗಾಳಿ ಬರ್ಲಿ ಅಂತ.

ಓಲ್ಡ್ ಎಕ್ಸ್‌ಚೇಂಜ್ ಅನ್ನೋ ಕಟ್ಟಡದಲ್ಲಿ ನಾವು ಜಾಸ್ತಿ ಹೊತ್ತು ಇದ್ವಿ. 1771ಕ್ಕೆ ಮುಗಿದ ಕಟ್ಟಡ, ಬಂದರಿನ ಸುಂಕದ ಕಟ್ಟೆ, ವ್ಯಾಪಾರಿಗಳ ಅಡ್ಡೆ. ನೆಲಮಾಳಿಗೆಲಿ ಹಳೇ ಕೋಟೆ ಗೋಡೆಯ ಅರ್ಧಚಂದ್ರ ಆಕಾರದ ತುಂಡು ಕಾಣತ್ತೆ. ಬೋಸ್ಟನ್‌ನಲ್ಲಿ ಚಹಾ ಸಮುದ್ರಕ್ಕೆ ಸುರಿದ ಕಥೆ ಎಲ್ರಿಗೂ ಗೊತ್ತು, ಅದೇ 1773ರ ಡಿಸೆಂಬರ್‌ನಲ್ಲಿ, ಬೋಸ್ಟನ್‌ನಲ್ಲಿ ಸುರಿಯೋಕೆ ಮೊದಲೇ, ಈಸ್ಟ್ ಇಂಡಿಯಾ ಕಂಪನಿಯ ಚಹಾ ಪೆಟ್ಟಿಗೆಗಳು ಇಲ್ಲಿಗೂ ಬಂದಿದ್ವು, ಇಲ್ಲಿಯವರು ಸುಂಕ ಕಟ್ಟಲ್ಲ ಅಂತ ಸಭೆ ಸೇರಿದ್ರು, ಕೊನೆಗೆ ಪೆಟ್ಟಿಗೆಗಳು ಇದೇ ನೆಲಮಾಳಿಗೆ ಸೇರಿದ್ವು.

ಇಲ್ಲಿ ನನಗೆ ಮೈ ಜುಮ್ ಅಂದಿದ್ದು ಒಂದು ಹೆಸರು ನೋಡಿ. ಅಮೆರಿಕದವರು ಸ್ವಾತಂತ್ರ್ಯಕ್ಕೆ ಬ್ರಿಟಿಷರ ಜೊತೆ ಯುದ್ಧ ಮಾಡ್ತಿದ್ದಾಗ, 1776ರ ಜೂನ್ 28ಕ್ಕೆ ಬ್ರಿಟಿಷ್ ಹಡಗುಗಳು ಸಲ್ಲಿವನ್ಸ್ ದ್ವೀಪದ ಕೋಟೆ ಮೇಲೆ ಗುಂಡು ಹಾರಿಸಿದಾಗ ಅದು ತಾಳೆ ಜಾತಿಯ ಪಾಲ್ಮೆಟೊ ಮರದ ದಿಮ್ಮಿಗಳ ಕೋಟೆ, ಮರ ಮೆತ್ತಗೆ ನಾರು ನಾರು, ಗುಂಡುಗಳು ಒಡೆಯೋ ಬದಲು ಒಳಗೆ ಹೂತ್ಕೊಂಡ್ವು, ಆ ಮರವೇ ಇವತ್ತು ರಾಜ್ಯದ ಬಾವುಟದಲ್ಲಿ ಇರೋದು. ಆದರೆ 1780ರಲ್ಲಿ ಬ್ರಿಟಿಷರು ಭೂಮಿ ಕಡೆಯಿಂದ ಮುತ್ತಿಗೆ ಹಾಕಿ ಮೇ 12ಕ್ಕೆ ಊರು ತಗೊಂಡ್ರು, ಐದು ಸಾವಿರಕ್ಕೂ ಹೆಚ್ಚು ಸೈನಿಕರು ಶರಣಾದ್ರು. ಮುಖ್ಯ ಸೇನಾಪತಿ ಕ್ಲಿಂಟನ್ ವಾಪಸ್ ಹೋಗುವಾಗ ದಕ್ಷಿಣದ ಸೈನ್ಯವನ್ನ ಒಪ್ಪಿಸಿದ್ದು ಕಾರ್ನ್‌ವಾಲಿಸ್‌ಗೆ. ಹೌದು, ಅದೇ ಕಾರ್ನ್‌ವಾಲಿಸ್. 1781ರಲ್ಲಿ ಯಾರ್ಕ್‌ಟೌನ್‌ನಲ್ಲಿ ಸೋತು, 1786ರಲ್ಲಿ ಗವರ್ನರ್ ಜನರಲ್ ಆಗಿ ನಮ್ಮ ಕಡೆ ಬಂದು, 1791ರಲ್ಲಿ ಬೆಂಗಳೂರು ಕೋಟೆ ಹಿಡಿದು, 1792ರಲ್ಲಿ ಶ್ರೀರಂಗಪಟ್ಟಣಕ್ಕೆ ಮುತ್ತಿಗೆ ಹಾಕಿ ಟಿಪ್ಪುವಿನ ಇಬ್ಬರು ಮಕ್ಕಳನ್ನ ಒತ್ತೆ ತಗೊಂಡು ಹೋದವನು. ಈ ಊರು ಬಿದ್ದ 1780ರಲ್ಲೇ ಸೆಪ್ಟೆಂಬರ್‌ನಲ್ಲಿ ಹೈದರ್, ಟಿಪ್ಪು ಪೊಲ್ಲಿಲೂರಿನಲ್ಲಿ ಕಂಪನಿ ಸೈನ್ಯವನ್ನ ಪುಡಿ ಮಾಡಿದ್ದು. ಬ್ರಿಟಿಷರ ಜೊತೆ ಹೊಡೆದಾಡ್ತಿದ್ದ ಇಲ್ಲಿಯವರಿಗೂ ಆ ಸುದ್ದಿ ಗೊತ್ತಿತ್ತು, 1782ರಲ್ಲಿ ಪೆನ್ಸಿಲ್ವೇನಿಯಾದವರು ತಮ್ಮ ಯುದ್ಧದ ಹಡಗಿಗೆ ಹೈದರ್ ಅಲಿ ಅಂತಾನೇ ಹೆಸರಿಟ್ರು. ನಮ್ಮನೆಯವರಿಗೆ ಇತಿಹಾಸ ಅಂದ್ರೆ ಆಗಲ್ಲ, ಆದ್ರೂ ಇದನ್ನ ಹೇಳಿದಾಗ ಐಸ್‌ಕ್ರೀಮ್ ಕೆಳಗಿಟ್ಟು ಪೂರ್ತಿ ಕೇಳಿದ್ರು.

ಬ್ರಿಟಿಷರು 1782ರ ಡಿಸೆಂಬರ್ 14ಕ್ಕೆ ಜಾಗ ಖಾಲಿ ಮಾಡಿದ್ರು, ಹೋಗುವಾಗ ಸೇಂಟ್ ಮೈಕಲ್ಸ್ ಚರ್ಚಿನ ಗಂಟೆಗಳನ್ನೂ ಇಳಿಸ್ಕೊಂಡು ಹೋದ್ರು, ಆಮೇಲೆ ಅವು ವಾಪಸ್ ಬಂದ್ವು. 1783ರಲ್ಲಿ ಊರಿನ ಹೆಸರು ಚಾರ್ಲ್ಸ್ ಟೌನ್ ಹೋಗಿ ಚಾರ್ಲ್‌ಸ್ಟನ್ ಆಯ್ತು. 1790ರ ಜನಗಣತಿಲಿ 16,359 ಜನ, ದೇಶದ ನಾಲ್ಕನೇ ದೊಡ್ಡ ಊರು.

ರಾತ್ರಿ ಹೋಟೆಲಲ್ಲಿ ಅಮ್ಮ ಮತ್ತೆ ಅದೇ ಕೇಳಿದ್ಲು. "ಇಷ್ಟು ದೊಡ್ಡ ದೊಡ್ಡ ಮನೆ ಕಟ್ಸೋಕೆ ದುಡ್ಡೆಲ್ಲಿಂದ ಬಂತು?" ನಾಳೆ ತೋರಿಸ್ತೀನಿ ಅಂದೆ.

ಮೂರನೇ ದಿನ

ಆಶ್ಲಿ ನದಿ ಉದ್ದಕ್ಕೆ ಮಿಡಲ್‌ಟನ್ ಪ್ಲೇಸ್. 1741ರಲ್ಲಿ ಶುರು ಮಾಡಿದ ತೋಟ, ಹುಲ್ಲಿನ ಮೆಟ್ಟಿಲುಗಳು ನದಿ ಕಡೆ ಇಳೀತಾವೆ, ಕೆಳಗೆ ಚಿಟ್ಟೆ ರೆಕ್ಕೆ ಥರ ಎರಡು ಕೆರೆ. ಹೆನ್ರಿ ಮಿಡಲ್‌ಟನ್ ಮೊದಲ ಕಾಂಟಿನೆಂಟಲ್ ಕಾಂಗ್ರೆಸ್ಸಿಗೆ, ಅಂದ್ರೆ ಬ್ರಿಟಿಷರ ವಿರುದ್ಧ ಇಲ್ಲಿನ ವಸಾಹತುಗಳು ಸೇರಿಸಿದ ಸಭೆಗೆ, ಅಧ್ಯಕ್ಷನಾಗಿದ್ದ, ಅವನ ಮಗ ಆರ್ಥರ್ ಸ್ವಾತಂತ್ರ್ಯ ಘೋಷಣೆಗೆ ಸಹಿ ಹಾಕಿದವನು. ಸೌಂದರ್ಯ ನಿಜವಾಗ್ಲೂ ಇದೆ, ಸುಳ್ಳು ಹೇಳಲ್ಲ. ಆದ್ರೆ ನಾವು ನಿಂತಿದ್ದು ಆ ಕೆರೆ ಹತ್ರ ಅಲ್ಲ, ಅಲ್ಲೇ ಒಂದು ಚಿಕ್ಕ ಗದ್ದೆ ಇದೆ, ಹಳೇ ಕಾಲದ ಥರ ಕೆರೊಲಿನಾ ಗೋಲ್ಡ್ ಭತ್ತ ಬೆಳೆದು ತೋರಿಸೋಕೆ, ಅಮ್ಮ ಅದರ ಏರಿ ಮೇಲೆ ಹೋಗಿ ನಿಂತ್ಕೊಂಡ್ಲು, ಮತ್ತೆ ಬರೋಕೆ ಒಪ್ಲೇ ಇಲ್ಲ.

ಇಲ್ಲಿಯ ದುಡ್ಡು ಅಂದ್ರೆ ಅಕ್ಕಿ. ಮೊದಲ ಇಪ್ಪತ್ತು ವರ್ಷ ಜಿಂಕೆ ಚರ್ಮ ಮಾರಿದ್ರು, ದನ ಸಾಕಿದ್ರು, ಮೂಲನಿವಾಸಿಗಳನ್ನ ಹಿಡಿದು ಹಡಗಿಗೆ ಹತ್ತಿಸಿ ಮಾರಿದ್ರು. 1700ರ ಹೊತ್ತಿಗೆ ಭತ್ತ ನೆಲೆ ನಿಂತಿತ್ತು, ಬೀಜ ಮಡಗಾಸ್ಕರ್‌ನಿಂದ ಒಂದು ಹಡಗಲ್ಲಿ ಬಂತು ಅಂತ ಊರಲ್ಲಿ ಕಥೆ ಹೇಳ್ತಾರೆ, ತಳಿ ಏಷ್ಯಾದ್ದು. ಮೊದಲು ಒಳನಾಡಿನ ಜೌಗಲ್ಲಿ ಬೆಳೀತಿದ್ರು, 1750ರ ಆಮೇಲೆ ನದಿ ದಡಕ್ಕೆ ಬಂದ್ರು. ಆ ಕೆಲಸ ಹೇಗೆ ಅಂತ ಅಲ್ಲಿ ವಿವರಿಸ್ತಿದ್ದ ಹೆಂಗಸು ಇಂಗ್ಲಿಷಲ್ಲಿ ಹೇಳ್ತಾ ಹೋದ್ಲು, ನಾನು ಕನ್ನಡದಲ್ಲಿ ಅಮ್ಮಂಗೆ ಹೇಳ್ತಾ ಹೋದೆ, ಸ್ವಲ್ಪ ಹೊತ್ತಿಗೆ ನಾನು ಹೇಳೋದಕ್ಕೆ ಮುಂಚೆ ಅಮ್ಮನೇ ಹೇಳೋಕೆ ಶುರು ಮಾಡಿದ್ಲು.

ಸಮುದ್ರದ ಭರತ ಐದಾರು ಅಡಿ ಏರತ್ತೆ, ಏರುವಾಗ ನದಿಯ ಸಿಹಿನೀರನ್ನ ಹಿಂದಕ್ಕೆ ತಳ್ಳತ್ತೆ, ಉಪ್ಪುನೀರು ಭಾರ ಅಂತ ಕೆಳಗೆ, ಸಿಹಿನೀರು ಮೇಲೆ. ನದಿ ಪಕ್ಕ ಸೈಪ್ರಸ್ ಮರಗಳ ಜೌಗು ಕಾಡು ಕಡಿದು ಏರಿ ಹಾಕಿ ಗದ್ದೆ ಮಾಡಿ, ಏರಿಲಿ ತೂಬು ಇಟ್ರೆ, ಭರತದಲ್ಲಿ ಬಾಗಿಲು ಎತ್ತಿದ್ರೆ ಸಿಹಿನೀರು ತಾನಾಗೇ ಗದ್ದೆಗೆ ಬರತ್ತೆ, ಇಳಿತದಲ್ಲಿ ಎತ್ತಿದ್ರೆ ತಾನಾಗೇ ಹೋಗತ್ತೆ. ಸಮುದ್ರಕ್ಕೆ ತೀರಾ ಹತ್ರ ಇದ್ರೆ ಉಪ್ಪು ಹತ್ತಿ ಸಾಯತ್ತೆ, ತೀರಾ ದೂರ ಹೋದ್ರೆ ಭರತ ಮುಟ್ಟಲ್ಲ, ಅದಕ್ಕೇ ಪ್ರತಿ ನದಿಲೂ ಕೆಲವೇ ಮೈಲಿ ಜಾಗ ಮಾತ್ರ ಆಗೋದು, ಆ ಜಾಗದ ಬೆಲೆ ಬಂಗಾರ. ತೂಬಿಗೆ ಅಲ್ಲಿ ಟ್ರಂಕ್ ಅಂತಾರೆ, ಹಳೇ ಕಾಲದಲ್ಲಿ ಪೊಳ್ಳು ಮರದ ಬೊಡ್ಡೆಯನ್ನೇ ಏರಿ ಅಡಿಲಿ ಹೂತು ಒಂದು ಕಡೆ ಬೆಣೆ ಹಾಕ್ತಿದ್ರಂತೆ, ಆಮೇಲೆ ಹಲಗೆ ಪೆಟ್ಟಿಗೆ ಮಾಡಿ ಎರಡೂ ತುದಿಲಿ ಎತ್ತಿ ಇಳಿಸೋ ಬಾಗಿಲು ಇಟ್ರು, ಹೆಸರು ಮಾತ್ರ ಬೊಡ್ಡೆದೇ ಉಳೀತು.

ಅಮ್ಮ ಹೇಳಿದ್ಲು, "ನಮ್ಮಲ್ಲಿ ಬಾಗ್ಲು ಕಾಯೋಕೆ ರಾತ್ರಿ ಎದ್ದು ಹೋಗ್ತಿದ್ರು ಅಪ್ಪ. ಭರತ ಹೊತ್ತು ಕೇಳ್ಕೊಂಡು ಬರಲ್ಲ. ಇಲ್ಲಿ ಯಾರು ಹೋಗ್ತಿದ್ರು ಕೇಳು." ನಾನು ಕೇಳಿದೆ. ಆ ಹೆಂಗಸು ಹೇಳಿದ್ದು, ಅದಕ್ಕೇ ಅಂತ ಒಬ್ಬ ಇರ್ತಿದ್ದ, ಗುಲಾಮನೇ, ನೀರಿನ ಲೆಕ್ಕ ಪೂರ್ತಿ ಅವನ ತಲೆಲಿ ಇರ್ತಿತ್ತು, ಇಡೀ ವರ್ಷದ ಬೆಳೆ ಅವನ ಕೈಲಿ.

ನಾನು ಈ ಪ್ರವಾಸದ ಬಗ್ಗೆ ಬರೆಯೋಕೆ ಕೂತಿದ್ದೇ ಇದನ್ನ ಹೇಳೋಕೆ. ಇಂಗ್ಲೆಂಡಿಂದ ಬಂದವರು ಭತ್ತದ ಗದ್ದೆಗೆ ಯಾವತ್ತೂ ಇಳಿದವರಲ್ಲ. ಪಶ್ಚಿಮ ಆಫ್ರಿಕಾದ ಸೆನೆಗಾಂಬಿಯಾ, ಸಿಯೆರಾ ಲಿಯೋನ್ ಕಡೆ ಜನ ಸಾವಿರಾರು ವರ್ಷದಿಂದ ಭತ್ತ ಬೆಳೆದವರು, ಅಳಿವೆಯ ಮ್ಯಾಂಗ್ರೋವ್ ಕೆಸರಲ್ಲಿ ಏರಿ ಕಟ್ಟಿ ಪೊಳ್ಳು ಬೊಡ್ಡೆ ಇಟ್ಟು ನೀರು ಆಡಿಸಿದವರು. ಚಾರ್ಲ್‌ಸ್ಟನ್ ವ್ಯಾಪಾರಿಗಳಿಗೆ ಇದು ಚೆನ್ನಾಗಿ ಗೊತ್ತಿತ್ತು, ಪೇಪರಲ್ಲಿ ಜಾಹೀರಾತು ಹಾಕುವಾಗ್ಲೇ 'ರೈಸ್ ಕೋಸ್ಟ್‌ನಿಂದ ಬಂದವರು' ಅಂತ ಬರೆದು ಬೆಲೆ ಏರಿಸ್ತಿದ್ರು. ಹೆನ್ರಿ ಲಾರೆನ್ಸ್ ಅನ್ನೋ ವ್ಯಾಪಾರಿ ಸಿಯೆರಾ ಲಿಯೋನ್‌ನ ಬನ್ಸ್ ದ್ವೀಪದಿಂದ ಬರೋ ಜನರನ್ನ ಇಲ್ಲಿ ಮಾರಿ ಶ್ರೀಮಂತ ಆದ, ಆಮೇಲೆ ಕಾಂಟಿನೆಂಟಲ್ ಕಾಂಗ್ರೆಸ್ಸಿನ ಅಧ್ಯಕ್ಷನೂ ಆದ. ಕೂಲಿ ಆಳು ಬೇಕು ಅಂತ ಬರೀ ಮೈ ಬಲ ತಂದಿದ್ದಲ್ಲ, ವಿದ್ಯೆ ಇದ್ದವರನ್ನ ಹಿಡ್ಕೊಂಡು ಬಂದಿದ್ದು. ಆ ವಿದ್ಯೆಗೆ ಹೆಸರೂ ಕೊಡ್ಲಿಲ್ಲ, ಕೂಲಿನೂ ಕೊಡ್ಲಿಲ್ಲ. 1708ರ ಹೊತ್ತಿಗೇ ಈ ಸೀಮೆಲಿ ಬಿಳಿಯರಿಗಿಂತ ಕರಿಯರೇ ಹೆಚ್ಚಿದ್ರು.

ಅಲ್ಲಿ ಒಂದು ಒರಳು ಇತ್ತು, ಮರದ ಬೊಡ್ಡೆ ಕೊರೆದಿದ್ದು, ಸೊಂಟದೆತ್ತರ, ಪಕ್ಕದಲ್ಲಿ ಎರಡೂ ತುದಿ ದಪ್ಪ ಮಧ್ಯ ಹಿಡಿಯೋಕೆ ಸಣ್ಣ ಇರೋ ಒನಕೆ. ಅಮ್ಮ ಒನಕೆ ಎತ್ತಿ ಎರಡು ಸಲ ಹಾಕಿದ್ಲು, ಎಪ್ಪತ್ತೊಂದು ವರ್ಷ, ಕೈ ತಾನಾಗೇ ಲಯ ಹಿಡೀತು, ಎತ್ತುವಾಗ ಒಂದು ಕೈಯಿಂದ ಇನ್ನೊಂದು ಕೈಗೆ. ಆ ಹೆಂಗಸು ಕಣ್ಣು ಅಗಲ ಮಾಡಿ ನೋಡಿದ್ಲು, ಇಬ್ರೂ ನಕ್ರು, ಭಾಷೆ ಬೇಕಾಗ್ಲಿಲ್ಲ. ಗಟ್ಟಿಯಾಗಿ ಗುದ್ದಿದ್ರೆ ನುಚ್ಚಾಗತ್ತೆ, ಮೆತ್ತಗೆ ಗುದ್ದಿದ್ರೆ ಹೊಟ್ಟು ಬಿಡಲ್ಲ, ಅದು ಮನೆಮಟ್ಟಿಗೆ ಅಭ್ಯಾಸದ ಕೆಲಸ, ಆದ್ರೆ ಇಲ್ಲಿ ಯುರೋಪಿಗೆ ಕಳ್ಸೋಕೆ ಕೋಟಿಗಟ್ಟಲೆ ಪೌಂಡ್ ಅಕ್ಕಿ, ಹೆಚ್ಚಿನದು ಕೈಯಲ್ಲೇ, ಗದ್ದೆ ಕೆಲಸ ಮುಗಿದ ಮೇಲೆ, ಕತ್ತಲಲ್ಲಿ. ನೀರಿನಿಂದ ಓಡೋ ಅಕ್ಕಿ ಗಿರಣಿ ಜೋನಾಥನ್ ಲೂಕಸ್ ಮಾಡಿದ್ದು 1787ರ ಸುಮಾರಿಗೆ, ಅಲ್ಲಿವರೆಗೂ ಹೆಚ್ಚಾಗಿ ಒನಕೆಯೇ. ಕೇರೋಕೆ ಮೊರನೂ ಇತ್ತು, ನಮ್ಮದು ಬಿದಿರು ಸೀಳಿ ಹೆಣೆದಿದ್ದು, ಇದು ಜೊಂಡು ಹುಲ್ಲನ್ನ ಹಗ್ಗದ ಹಾಗೆ ಸುತ್ತಿ ಸುತ್ತಿ ಹೊಲಿದಿದ್ದು, ದುಂಡಗೆ. ಕೇರೋ ಕೈ ಒಂದೇ.

ಸೊಳ್ಳೆ ಕಾಲ ಬಂದ್ರೆ, ಅಂದ್ರೆ ಮೇನಿಂದ ಚಳಿಗೆ ಮೊದಲ ಸಲ ಇಬ್ಬನಿ ಹೆಪ್ಪುಗಟ್ಟೋವರೆಗೆ, ಒಡೆಯರು ಮಲೇರಿಯಾ ಭಯಕ್ಕೆ ಊರಿನ ಮನೆಗಳಿಗೆ ಹೊರಟುಬಿಡ್ತಿದ್ರು. ಆ ಚಂದದ ಜಗಲಿಗಳು ಅದಕ್ಕೇ. ಗದ್ದೆಲಿ ಉಳಿದವರು ಉಳಿದವರೇ.

ತೋಟದೊಳಗೆ ಎಲೈಜಾಸ್ ಹೌಸ್ ಅನ್ನೋ ಚಿಕ್ಕ ಮರದ ಮನೆಲಿ ಗುಲಾಮರ ಹೆಸರುಗಳ ಪಟ್ಟಿ ಇದೆ, ಸಾವಿರಾರು. ಅಮ್ಮ ಮೊಮ್ಮಗಳಿಗೆ ಓದು ಅಂದ್ಲು. ಇಲ್ಲಿ ಈ ಸೀಮೆಯ ಹಳೇ ದಾಖಲೆಗಳಲ್ಲಿ ಕಜೊ, ಕಫಿ ಅಂತ ಹೆಸರುಗಳು ಬರ್ತಾವೆ, ಘಾನಾ ಕಡೆಯ ಅಕಾನ್ ಭಾಷೆಲಿ ಸೋಮವಾರ ಹುಟ್ಟಿದವನು ಕೊಜೊ, ಶುಕ್ರವಾರ ಹುಟ್ಟಿದವನು ಕೋಫಿ, ಅದೇ ಇಲ್ಲಿ ಹೀಗಾಗಿರೋದು ಅಂತ ನಾನು ವಿವರಿಸಿದೆ. ಅಮ್ಮ ಒಂದು ಕ್ಷಣ ಸುಮ್ನಿದ್ದು, "ನಮ್ಮಲ್ಲಿ ಸುಕ್ರ, ಸುಕ್ರಿ, ಸೋಮಿ, ಮಂಗ್ಲಿ ಇದ್ದ ಹಾಗೆ" ಅಂದ್ಲು. ಅಜ್ಜನ ಗದ್ದೆಗೆ ಬರ್ತಿದ್ದ ಹಾಲಕ್ಕಿ ಸುಕ್ರಿಯನ್ನ ನಾನೂ ನೋಡಿದೀನಿ. ಆ ಪಟ್ಟಿ ಮುಂದೆ ನಿಂತು ನನಗೆ ಮಾತು ಬರ್ಲಿಲ್ಲ.

ನೀಲಿಯ ಕಥೆ ಬೇಗ ಹೇಳ್ತೀನಿ. ಎಲೈಜಾ ಲೂಕಸ್ ಅನ್ನೋ ಹದಿಹರೆಯದ ಹುಡುಗಿ, ಅಪ್ಪ ಆಂಟಿಗುವಾದಲ್ಲಿದ್ದಾಗ ಇಲ್ಲಿ ತೋಟಗಳನ್ನ ನೋಡ್ಕೊಳ್ತಾ ನೀಲಿ ಗಿಡ ಬೆಳೆಸೋಕೆ ವರ್ಷಗಟ್ಟಲೆ ಒದ್ದಾಡಿ 1744ರಲ್ಲಿ ಗೆದ್ಲು, ತೊಟ್ಟಿಲಿ ಕೊಳೆಸಿ ಬಡಿದು ಬಣ್ಣ ಇಳಿಸಿದವರು ಅಲ್ಲೂ ಗುಲಾಮರೇ. 1748ರಲ್ಲಿ ಬ್ರಿಟನ್ ಸರ್ಕಾರ ಪ್ರೋತ್ಸಾಹಧನ ಕೊಡ್ತು, ಅಕ್ಕಿ ಬಿಟ್ರೆ ನೀಲಿನೇ ದೊಡ್ಡ ರಫ್ತು ಆಯ್ತು. ಸ್ವಾತಂತ್ರ್ಯ ಬಂದ ಮೇಲೆ ಆ ಧನ ನಿಂತು ಹೋಯ್ತು, ಬ್ರಿಟಿಷರು ನೀಲಿಗೆ ತಿರುಗಿದ್ದು ಬಂಗಾಳದ ಕಡೆ. ಇಲ್ಲಿ ನಿಂತ ಸಂಕಟ ಅಲ್ಲಿ ನಮ್ಮ ರೈತರ ಬೆನ್ನಿಗೆ ಹತ್ತಿತು.

ವಾಪಸ್ ಬರ್ತಾ ದಾರಿ ಬದಲಿಸಿ ಸ್ಟೋನೊ ನದಿ ಕಡೆ ಹೋದ್ವಿ. 1739ರ ಸೆಪ್ಟೆಂಬರ್ 9, ಭಾನುವಾರ, ಇಪ್ಪತ್ತು ಜನ ಗುಲಾಮರು ಸೇರಿ ಅಂಗಡಿಯಿಂದ ಬಂದೂಕು ತಗೊಂಡು ಡೋಲು ಬಡೀತಾ ದಕ್ಷಿಣಕ್ಕೆ ಹೊರಟ್ರು, ಫ್ಲಾರಿಡಾ ಆಗ ಸ್ಪೇನಿನದು, ಅಲ್ಲಿ ಮುಟ್ಟಿದ್ರೆ ಬಿಡುಗಡೆ. ದಾರಿಲಿ ಇನ್ನೂ ಜನ ಸೇರಿದ್ರು, ಸಂಜೆಯೊಳಗೆ ತುಂಬ ಜನರನ್ನ ಹಿಡಿದು ಕೊಂದ್ರು. ಮುಂದಿನ ವರ್ಷ ಕಾನೂನು ಬಂತು, ಡೋಲು ಬಾರಿಸಬಾರದು, ಗುಲಾಮರಿಗೆ ಬರೆಯೋಕೆ ಕಲಿಸಬಾರದು. ಹೈವೇ ಪಕ್ಕ ಒಂದು ಫಲಕ, ಅಷ್ಟೇ. ಕಾರು ನಿಲ್ಸೋಕೂ ಸರಿ ಜಾಗ ಇಲ್ಲ.

ನಾಲ್ಕನೇ ದಿನ

ಬೆಳಿಗ್ಗೆ ಗ್ಯಾಡ್ಸ್‌ಡನ್ಸ್ ವಾರ್ಫ್. ಕ್ರಿಸ್ಟೋಫರ್ ಗ್ಯಾಡ್ಸ್‌ಡನ್ ಕಟ್ಟಿಸಿದ ಹಡಗುಕಟ್ಟೆ, ಹಾವಿನ ಚಿತ್ರದ 'ನನ್ನನ್ನು ತುಳಿಯಬೇಡ' ಬಾವುಟ ಅವನದೇ. 1803ರ ಕೊನೆಗೆ ಸೌತ್ ಕೆರೊಲಿನಾ ಆಫ್ರಿಕಾದಿಂದ ಜನರನ್ನ ತರೋದಕ್ಕೆ ಮತ್ತೆ ಬಾಗಿಲು ತೆಗೀತು, 1808ರ ಜನವರಿ 1ರಿಂದ ಇಡೀ ದೇಶದಲ್ಲಿ ನಿಷೇಧ ಬರತ್ತೆ ಅಂತ ಗೊತ್ತಿತ್ತು, ಆ ನಾಲ್ಕು ವರ್ಷದಲ್ಲಿ ಸುಮಾರು 40,000 ಜನರನ್ನ ಆತುರಾತುರವಾಗಿ ತಂದು ಸುರಿದ್ರು. ಬೆಲೆ ಏರ್ಲಿ ಅಂತ ಗೋದಾಮಿನಲ್ಲಿ ಕೂಡಿಟ್ಟು ಚಳಿಗೆ ನೂರಾರು ಜನ ಸತ್ರು. ಅದೇ ಜಾಗದಲ್ಲಿ 2023ರಲ್ಲಿ ಇಂಟರ್‌ನ್ಯಾಷನಲ್ ಆಫ್ರಿಕನ್ ಅಮೆರಿಕನ್ ಮ್ಯೂಸಿಯಂ ತೆರೆದಿದಾರೆ, ಕಟ್ಟಡ ಕಂಬಗಳ ಮೇಲೆ ಎತ್ತಿ ನಿಲ್ಸಿದಾರೆ, ಆ ನೆಲವನ್ನ ಮುಚ್ಚಬಾರದು ಅಂತ. ಕೆಳಗೆ ಆಳ ಇಲ್ಲದ ಒಂದು ನೀರಿನ ಕೊಳ, ತಳದಲ್ಲಿ ಮನುಷ್ಯರ ಆಕಾರಗಳು ಸಾಲಾಗಿ ಮಲಗಿದಾವೆ, ಹಡಗಿನಲ್ಲಿ ತುಂಬ್ಕೊಂಡು ಬಂದ ಹಾಗೆ, ಒತ್ತೊತ್ತಾಗಿ. ನೀರು ಏರತ್ತೆ, ಮುಖ ಮುಚ್ಚತ್ತೆ, ಇಳಿಯತ್ತೆ. ನಾವು ನಾಲ್ಕೂ ಜನ ಅಲ್ಲಿ ಎಷ್ಟು ಹೊತ್ತು ನಿಂತಿದ್ವೋ ಗೊತ್ತಿಲ್ಲ. ಉತ್ತರ ಅಮೆರಿಕಕ್ಕೆ ತಂದ ಆಫ್ರಿಕನ್ನರಲ್ಲಿ ಹತ್ತಿರ ಹತ್ತಿರ ಅರ್ಧದಷ್ಟು ಜನ ಮೊದಲು ಕಾಲಿಟ್ಟಿದ್ದು ಈ ಬಂದರಲ್ಲಿ ಅಂತ ಹೇಳ್ತಾರೆ.

ಮಧ್ಯಾಹ್ನ ಚಾರ್ಲ್‌ಸ್ಟನ್ ಮ್ಯೂಸಿಯಂ, 1773ರಲ್ಲೇ ಶುರುವಾದದ್ದು. ಅಲ್ಲಿ ಒಂದು ತಾಮ್ರದ ಬಿಲ್ಲೆ ನೋಡಿ, ನಮ್ಮ ಹಳೇ ಕಾಲದ ಹೋಟೆಲ್ ಟೋಕನ್‌ಗಿಂತ ಸ್ವಲ್ಪ ದೊಡ್ಡದು, ಮೇಲೆ ದಾರ ಪೋಣಿಸೋಕೆ ತೂತು, ಊರಿನ ಹೆಸರು, ನಂಬರು, ಇಸವಿ, ಕೆಲಸದ ಹೆಸರು, ಸರ್ವೆಂಟ್, ಪೋರ್ಟರ್, ಹೀಗೆ. ಒಡೆಯ ತನ್ನ ಗುಲಾಮನನ್ನ ಬಾಡಿಗೆಗೆ ಬಿಡಬೇಕಾದ್ರೆ ನಗರಸಭೆಗೆ ದುಡ್ಡು ಕಟ್ಟಿ ಈ ಬಿಲ್ಲೆ ತಗೋಬೇಕು, ಪ್ರತಿ ವರ್ಷ ಹೊಸದು. ತೂತಿನ ಅಂಚು ಸವೆದು ನುಣುಪಾಗಿತ್ತು.

ಡೆನ್ಮಾರ್ಕ್ ವೆಸಿ ಅನ್ನೋ ಬಡಗಿ 1799ರಲ್ಲಿ ಲಾಟರಿಲಿ 1,500 ಡಾಲರ್ ಗೆದ್ದು, 600 ಕೊಟ್ಟು ತನ್ನನ್ನ ತಾನೇ ಕೊಂಡ್ಕೊಂಡ, ಹೆಂಡತಿ ಮಕ್ಕಳನ್ನ ಬಿಡಿಸೋಕೆ ಆಗ್ಲಿಲ್ಲ. 1822ರಲ್ಲಿ ದೊಡ್ಡ ದಂಗೆಗೆ ತಯಾರಿ ಮಾಡಿದ ಅಂತ ಹಿಡಿದು ಅವನನ್ನೂ ಸೇರಿಸಿ 35 ಜನರನ್ನ ಗಲ್ಲಿಗೆ ಹಾಕಿದ್ರು, ಅವರ ಚರ್ಚನ್ನ ಕೆಡವಿದ್ರು. ಆ ಸಭೆಯವರು ಮತ್ತೆ ಕಟ್ಟಿಕೊಂಡ ಚರ್ಚೇ ಮದರ್ ಇಮ್ಯಾನುಯಲ್, 2015ರಲ್ಲಿ ಒಂಬತ್ತು ಜನರನ್ನ ಪ್ರಾರ್ಥನೆ ಹೊತ್ತಲ್ಲಿ ಗುಂಡಿಕ್ಕಿ ಕೊಂದ ಜಾಗ. ಬಾಗಿಲ ಮುಂದೆ ಹೂ ಇತ್ತು.

ಈ ಊರು ಬರೀ ಹಿಂದಕ್ಕೆ ನೋಡ್ತಿತ್ತು ಅಂತಲೂ ಅಲ್ಲ. 1830ರ ಕ್ರಿಸ್‌ಮಸ್ ದಿನ ಅಮೆರಿಕದಲ್ಲಿ ಸಮಯಪಟ್ಟಿ ಪ್ರಕಾರ ಪ್ರಯಾಣಿಕರನ್ನ ಎಳೆದ ಮೊದಲ ಉಗಿಬಂಡಿ ಹೊರಟಿದ್ದು ಇಲ್ಲಿಂದ, 1833ಕ್ಕೆ 136 ಮೈಲಿ ರೈಲ್ವೆ, ಆಗ ಪ್ರಪಂಚದಲ್ಲೇ ಉದ್ದದ್ದು. ಆದ್ರೂ ನ್ಯೂಯಾರ್ಕ್ ಮುಂದೆ ಹೋಯ್ತು, ಇಲ್ಲಿಯ ದುಡ್ಡೆಲ್ಲ ಅಕ್ಕಿ, ಹತ್ತಿ, ಮನುಷ್ಯರಲ್ಲಿ ಸಿಕ್ಕಿಕೊಂಡಿತ್ತು, 1860ಕ್ಕೆ 40,522 ಜನ ಇದ್ರೂ ದೇಶದಲ್ಲಿ ಇಪ್ಪತ್ತೆರಡನೇ ಜಾಗಕ್ಕೆ ಇಳಿದಿತ್ತು. ಆ ವರ್ಷ ಡಿಸೆಂಬರ್ 20ಕ್ಕೆ ಸೌತ್ ಕೆರೊಲಿನಾದವರು ಇಲ್ಲೇ ಸಭೆ ಸೇರಿ ಅಮೆರಿಕದ ಒಕ್ಕೂಟ ಬಿಟ್ರು.

ಸಂಜೆ ಊಟಕ್ಕೆ ಸಿಗಡಿ ಹಾಕಿದ ಜೋಳದ ರವೆ ಗಂಜಿ, ಟೊಮೆಟೊ ಹಾಕಿದ ಕೆಂಪನ್ನ, ಬೆಂಡೆಕಾಯಿ ಸಾರು. ಅಲಸಂದೆ ಕಾಳು ಅಕ್ಕಿ ಸೇರಿಸಿ ಮಾಡೋ ಹಾಪಿನ್ ಜಾನ್ ಅಮ್ಮಂಗೆ ಹಿಡಿಸ್ತು, ಖಾರ ಸಾಲ್ದು ಅಂದ್ಲು. 'ಬೆನ್ನೆ' ಅಂತ ಬರೆದಿದ್ದ ಬಿಸ್ಕತ್ತು ನೋಡಿ ಬೆಣ್ಣೆದು ಅಂದ್ಕೊಂಡ್ವಿ, ಬಾಯಿಗಿಟ್ರೆ ಎಳ್ಳು, ಪಶ್ಚಿಮ ಆಫ್ರಿಕಾದ ಭಾಷೆಲಿ ಎಳ್ಳಿಗೆ ಹಾಗಂತಾರೆ. ಬೆಂಡೆ, ಅಲಸಂದೆ, ಎಳ್ಳು, ಅಮ್ಮ ಬೆರಳು ಮಡಚಿ ಎಣಿಸಿದ್ಲು.

ಹೊರಡೋ ದಿನ

ಬೆಳಿಗ್ಗೆ ಬ್ಯಾಟರಿ ಅನ್ನೋ ದಡದಲ್ಲಿ ನಿಂತು ದೂರದಲ್ಲಿ ಫೋರ್ಟ್ ಸಮ್ಟರ್ ನೋಡಿದ್ವಿ, ದೋಣಿ ಹತ್ತಲಿಲ್ಲ, ಮಗಳೇ ಬೇಡ ಅಂದ್ಲು. ಅದರ ಬದಲು ನದಿ ದಾಟಿ ಮೌಂಟ್ ಪ್ಲೆಸೆಂಟ್‌ನ ಹೈವೇ 17ರ ಪಕ್ಕ ಬುಟ್ಟಿ ಮಾರೋ ಗೂಡಂಗಡಿಗಳಿಗೆ ಹೋದ್ವಿ. ಗದ್ದೆಯ ಮೊರದ ಹೊಲಿಗೆಯೇ ಈ ಬುಟ್ಟಿಗಳದ್ದು, ಆ ಗುಲಾಮರ ಮನೆಯ ಮೊಮ್ಮಕ್ಕಳ ಮೊಮ್ಮಕ್ಕಳು ಈಗ್ಲೂ ಮಾಡ್ತಾರೆ, ಗಲ್ಲಾ ಜನ ಅಂತಾರೆ. ಒಬ್ಬ ಅಜ್ಜಿ ಕೂತು ಹೊಲೀತಿದ್ಲು, ಕೈಲಿ ಸ್ಟೀಲ್ ಚಮಚದ ಹಿಡಿ, ಕತ್ತರಿಸಿ ಚಪ್ಪಟೆ ಮಾಡಿದ್ದು, ಅದರಲ್ಲಿ ಹುಲ್ಲಿನ ಸುರುಳಿಗೆ ಸಂದಿ ಮಾಡಿ ಪಾಲ್ಮೆಟೊ ಗರಿಯ ಸೀಳು ತೂರಿಸಿ ಎಳೀತಾಳೆ, ಬೆರಳಿಂದ ಒತ್ತುತಾಳೆ, ಮತ್ತೆ ಸಂದಿ. ಒಂದು ಅಗಲದ ತಟ್ಟೆ ಬುಟ್ಟಿ ಕೊಂಡ್ವಿ, ಬೆಲೆ ಜಾಸ್ತಿನೇ, ಚೌಕಾಸಿ ಮಾಡ್ಬೇಡ ಅಂತ ಅಮ್ಮ ಮೊದಲೇ ಹೇಳಿದ್ಲು, ಊರಲ್ಲಿ ಹಾಗೆ ಹೇಳಿದ್ದು ನಾನು ಕೇಳಿಲ್ಲ.

ಕಾರಲ್ಲಿ ಅಮ್ಮ ಬುಟ್ಟಿಯನ್ನ ತೊಡೆ ಮೇಲೆ ಇಟ್ಕೊಂಡು ಕುಮಟಾಕ್ಕೆ ಸೋದರಮಾವಂಗೆ ವಾಟ್ಸಾಪ್ ಕಾಲ್ ಮಾಡಿದ್ಲು. ಅಲ್ಲಿ ರಾತ್ರಿ. ಹೋದ ವಾರ ಅಮಾವಾಸ್ಯೆ ಭರತಕ್ಕೆ ಗಜನಿ ಏರಿ ಒಂದು ಕಡೆ ಒಡೆದಿದೆಯಂತೆ, ಮಳೆಗಾಲದೊಳಗೆ ಕಟ್ಟದಿದ್ರೆ ಈ ವರ್ಷವೂ ಕಗ್ಗ ಇಲ್ಲ, ಕೆಲಸಕ್ಕೆ ಜನ ಸಿಗ್ತಿಲ್ಲ ಅಂದ ಮಾವ. ಅಮ್ಮ ಏರಿ ಎಷ್ಟು ಮಾರು ಹೋಗಿದೆ, ತೂಬಿನ ಬಾಗಿಲು ಸರಿ ಇದೆಯಾ ಅಂತ ಕೇಳ್ತಾ ಹೋದ್ಲು, ಆಮೇಲೆ ಬೀಜ ಎಷ್ಟಿದೆ ಅಂತ ಕೇಳಿದ್ಲು. ಒಂದು ಕೊಳಗ ಇದೆ ಅಂದ. "ಅದನ್ನ ಮಾತ್ರ ಉಣ್ಬೇಡಿ, ಮಡಕೆಲಿಟ್ಟು ಬಾಯಿ ಕಟ್ಟಿಡಿ, ನಾನು ಜೂನ್‌ಗೆ ಬರ್ತೀನಿ" ಅಂದ್ಲು.